ಹಳೇ ಪೇಟೆ ನೋಡೋಕೆ ಗೈಡ್ ಬೇಕಾ?

ಪ್ರಶ್ನೆ: ದಾವಣಗೆರೆಯಿಂದ ನಮ್ಮ ಅತ್ತೆ-ಮಾವ ಬರ್ತಿದ್ದಾರೆ. ಲಾಲ್‌ಬಾಗ್, ವಿಧಾನಸೌಧ ಎಲ್ಲ ಅವರು ನೋಡಿಯಾಗಿದೆ. ಈ ಸಲ ಹಳೇ ಬೆಂಗಳೂರನ್ನ ನಡೆದುಕೊಂಡೇ ತೋರಿಸೋಣ ಅಂತಿದ್ದೇವೆ, ಮಕ್ಕಳೂ ಜೊತೆಗಿರ್ತಾರೆ. ನಮ್ಮ ಮನೆಯವರಿಗೆ ಮಾತ್ರ ಅಂತ ಒಬ್ಬ ಗೈಡ್ ಇಟ್ಟುಕೊಂಡರೆ ದುಡ್ಡು ದಂಡವಾ? ಮೊಬೈಲಲ್ಲಿ ಮ್ಯಾಪ್ ಇದೆಯಲ್ಲ?

ಉತ್ತರ: ಪೇಟೆಗೆ, ಅಂದ್ರೆ ಚಿಕ್ಕಪೇಟೆ, ಅವೆನ್ಯೂ ರಸ್ತೆ ಸುತ್ತಿನ ಹಳೇ ಊರಿಗೆ, ಹೋಗುವುದಾದರೆ ಗೈಡ್ ಇಟ್ಟುಕೊಳ್ಳಿ. ಬಸವನಗುಡಿಗೋ ಮಲ್ಲೇಶ್ವರಕ್ಕೋ ಹೋಗುವುದಾದರೆ ಬೇಡ, ಆ ದುಡ್ಡಲ್ಲಿ ಎಲ್ಲರೂ ಇನ್ನೊಂದು ಸಲ ದೋಸೆ ತಿನ್ನಬಹುದು.

ಯಾಕೆ ಅಂದ್ರೆ, ಬಸವನಗುಡಿ, ಮಲ್ಲೇಶ್ವರ ಎರಡೂ ನಕ್ಷೆ ಹಾಕಿ ಮಾಡಿದ ಬಡಾವಣೆಗಳು. 1898ರಲ್ಲಿ ಪ್ಲೇಗ್ ಬಂತು. ಪೇಟೆಯ ಇಕ್ಕಟ್ಟಿನಲ್ಲಿ ಜನ ಹೆದರಿ ಹೋದರು. ಗಾಳಿ ಬೆಳಕು ಇರುವ ಕಡೆ ಮನೆ ಮಾಡಬೇಕು ಅಂತ ಹೊರಟವರಿಂದ ಈ ಬಡಾವಣೆಗಳು ತುಂಬಿದವು. ಅದಕ್ಕೇ ಅಲ್ಲಿ ರಸ್ತೆ ನೇರ, ಅಡ್ಡರಸ್ತೆಗೆ ನಂಬರು, ನೋಡುವಂಥದ್ದೆಲ್ಲ ಕಣ್ಣೆದುರಿಗೇ ಇದೆ. ನ್ಯಾಷನಲ್ ಕಾಲೇಜ್ ಮೆಟ್ರೋದಲ್ಲಿ ಇಳಿದು, ಗಾಂಧಿ ಬಜಾರ್ ದಾಟಿ, ದೊಡ್ಡ ಬಸವಣ್ಣನ ಗುಡಿಗೆ ಹೋಗೋಕೆ ಯಾರ ಸಹಾಯವೂ ಬೇಕಿಲ್ಲ. ಮಲ್ಲೇಶ್ವರದ ಕಾಡು ಮಲ್ಲೇಶ್ವರನೂ ಅಷ್ಟೇ. ದಾರಿ ತಪ್ಪಿದರೆ ಹೂವು ಮಾರುವವರನ್ನು ಕೇಳಿ, ಸಾಕು.

ಪೇಟೆ ಹಾಗಲ್ಲ. 1537ರಲ್ಲಿ ಕೆಂಪೇಗೌಡರು ಮಣ್ಣಿನ ಕೋಟೆ ಕಟ್ಟಿ, ಒಳಗೆ ಕಸುಬಿಗೊಂದು ಬೀದಿ ಮಾಡಿದ ಊರು ಅದು. ದೊಡ್ಡಪೇಟೆ, ಚಿಕ್ಕಪೇಟೆ ಸೇರುವ ಚೌಕದಿಂದ ನಾಲ್ಕು ದಿಕ್ಕಿಗೆ ಎತ್ತು ಹೂಡಿ ಗೆರೆ ಹಾಕಿಸಿದರು ಅಂತ ಕತೆ. ಆ ದೊಡ್ಡಪೇಟೆಯೇ ಇವತ್ತಿನ ಅವೆನ್ಯೂ ರಸ್ತೆ. ಈಗ ಆ ಚೌಕದಲ್ಲಿ ನಿಂತರೆ ಕಾಣುವುದು ಸೀರೆ ಅಂಗಡಿ, ಸ್ಕೂಟರು, ತಲೆ ಮೇಲೆ ವೈರಿನ ಗಂಟು. ಊರು ಶುರುವಾದ ಜಾಗದಲ್ಲಿ ನಿಂತಿದ್ದೀವಿ ಅಂತ ಯಾರಿಗೂ ಅನ್ನಿಸುವುದಿಲ್ಲ. ಮದುವೆ ಜವಳಿಗೆ ಚಿಕ್ಕಪೇಟೆಗೆ ಹೋಗದ ಬೆಂಗಳೂರಿನ ಮನೆ ಇಲ್ಲ, ಅಲ್ವಾ? ಆದರೂ ಸೀರೆ ಬ್ಯಾಗು ಹಿಡಿದು ವಾಪಸ್ ಬಂದವರಲ್ಲಿ ಎಷ್ಟು ಜನ ತಲೆ ಎತ್ತಿ ಮೇಲಿನ ಮಹಡಿ ನೋಡಿದ್ದಾರೆ?

ಪೇಟೆಯಲ್ಲಿ ಹಳೆಯದೆಲ್ಲ ಇರುವುದು ಅಂಗಡಿಯ ಹಿಂದೆ, ಇಲ್ಲವೇ ಅಂಗಡಿಯ ಮೇಲೆ. ಕೆಳಗೆ ಶಟರ್ರು, ಟ್ಯೂಬ್‌ಲೈಟು. ಮೇಲೆ ಗಾರೆಯ ಹೂಬಳ್ಳಿ, ಮರದ ಕಂಬ, ತುಕ್ಕು ಹಿಡಿದ ಕಬ್ಬಿಣದ ಕಟಕಟೆ. ಎರಡು ಅಂಗಡಿ ನಡುವೆ ಒಬ್ಬರೇ ಹೋಗುವಷ್ಟು ಸಂದಿ ಇರುತ್ತದೆ. ಅದರೊಳಗೆ ನುಗ್ಗಿದರೆ ಗುಡಿಯೋ, ವಠಾರವೋ ಸಿಗುತ್ತದೆ. ಮ್ಯಾಪು ನಿಮ್ಮನ್ನು ಆ ಸಂದಿಯ ಬಾಯಿಗೆ ಬಿಡಬಹುದು. ಒಳಗೆ ಹೋಗಬಹುದಾ, ಯಾವ ಹೊತ್ತಿಗೆ ಹೋದರೆ ಮನೆಯವರಿಗೆ ತೊಂದರೆ ಇಲ್ಲ, ಯಾರನ್ನು ಕೇಳಬೇಕು, ಇದೆಲ್ಲ ಅದಕ್ಕೆ ಗೊತ್ತಿಲ್ಲ. ಗೈಡಿಗೆ ನೀವು ಕೊಡುವ ದುಡ್ಡು ಬಹುಪಾಲು ಇದಕ್ಕೇ. ಇಸವಿಗಳು ಪುಸ್ತಕದಲ್ಲೂ ಸಿಗುತ್ತವೆ.

ಒಂದು ಉದಾಹರಣೆ. ಅವೆನ್ಯೂ ರಸ್ತೆಯಲ್ಲಿ ರೈಸ್ ಚರ್ಚ್ ಇದೆ. ಪಠ್ಯಪುಸ್ತಕ ಕೊಳ್ಳೋಕೆ ಹೋದವರು ಅದರ ಮುಂದೆಯೇ ನೂರು ಸಲ ಓಡಾಡಿರುತ್ತಾರೆ. ಬೆಂಜಮಿನ್ ರೈಸ್ ಅನ್ನೋ ಮಿಷನರಿಯ ಹೆಸರು ಅದಕ್ಕೆ. ಅವರ ಮಗ ಬಿ.ಎಲ್. ರೈಸ್, ನಮ್ಮ ನಾಡಿನ ಸಾವಿರಾರು ಶಾಸನಗಳನ್ನು ಹುಡುಕಿ ಎಪಿಗ್ರಾಫಿಯಾ ಕರ್ನಾಟಿಕಾ ಸಂಪುಟಗಳಲ್ಲಿ ಅಚ್ಚು ಹಾಕಿಸಿದವರು. ನಿಮ್ಮ ಮಾವನವರಿಗೆ ಶಾಸನ, ಇತಿಹಾಸ ಅಂದ್ರೆ ಇಷ್ಟವಿದ್ದರೆ ಆ ಚರ್ಚ್ ಮುಂದೆ ಹತ್ತು ನಿಮಿಷ ನಿಂತು ಮಾತಾಡುವ ಗೈಡ್ ಸಿಗಬೇಕು. ಅತ್ತೆಯವರಿಗೆ ಅದು ಬೇಜಾರು ಅನ್ನಿಸಿದರೆ ಬಳೆಪೇಟೆ ಕಡೆ ತಿರುಗಿಸಿ. ಅಲ್ಲಿ ವೀಣೆ, ಮೃದಂಗ, ಹಾರ್ಮೋನಿಯಂ ಅಂಗಡಿಗಳು ಸಾಲಾಗಿವೆ. ತಬಲಕ್ಕೆ ಚರ್ಮ ಕಟ್ಟುವ ಕೆಲಸ ಬಾಗಿಲಲ್ಲೇ ನಡೆಯುತ್ತಿರುತ್ತದೆ.

ಬರೀ ನಿಮ್ಮ ಮನೆಯವರಿಗೆ ಅಂತ ಗೊತ್ತು ಮಾಡಿಕೊಳ್ಳುವುದರ ಲಾಭವೂ ಇದೇ. ಗುಂಪಿನ ನಡಿಗೆಯಲ್ಲಿ ಇಪ್ಪತ್ತು ಜನರಿದ್ದರೆ ಗೈಡ್ ಮಾತು ಹಿಂದಿದ್ದವರಿಗೆ ಕೇಳಿಸುವುದಿಲ್ಲ, ಅವೆನ್ಯೂ ರಸ್ತೆಯ ಹಾರ್ನ್ ಗದ್ದಲದಲ್ಲಂತೂ ಕೇಳಲೇಬೇಡಿ. ವಯಸ್ಸಾದವರು ಕೂತು ಸುಧಾರಿಸಿಕೊಳ್ಳಬೇಕು ಅಂದ್ರೂ ಸಂಕೋಚ. ಹಾಗಂತ ಗುಂಪಿನ ನಡಿಗೆ ಕೆಟ್ಟದ್ದು ಅಂತಲ್ಲ. ಪರಂಪರೆ ಉಳಿಸೋ ಕೆಲಸ ಮಾಡುವ ಇಂಟ್ಯಾಕ್ ಸಂಸ್ಥೆಯ ಬೆಂಗಳೂರು ಘಟಕದವರು ‘ಪರಿಚಯ’ ಅನ್ನೋ ಹೆಸರಲ್ಲಿ ಪಾರಂಪರಿಕ ನಡಿಗೆಗಳನ್ನು ಮಾಡುತ್ತಾರೆ. ನೀವೊಬ್ಬರೇ ಅಥವಾ ಇಬ್ಬರೇ ಹೋಗುವುದಾದರೆ ನಾನೂ ಅಂಥದ್ದನ್ನೇ ಹೇಳುತ್ತಿದ್ದೆ. ಅತ್ತೆ-ಮಾವ, ಮಕ್ಕಳು ಎಲ್ಲ ಸೇರಿದಾಗ ಲೆಕ್ಕ ಬೇರೆ.

ಈಗ ಹೊತ್ತಿನ ವಿಚಾರ. ಇದರಲ್ಲೇ ಅರ್ಧ ಕೆಲಸ ಇದೆ.

ಹತ್ತು ಗಂಟೆಗೆ ಶುರು ಮಾಡೋಣ ಅನ್ನುವ ಗೈಡ್ ಬೇಡವೇ ಬೇಡ. ಹತ್ತೂವರೆ ಹೊತ್ತಿಗೆ ಶಟರ್ ಎಲ್ಲ ಮೇಲೇಳುತ್ತವೆ, ಲಗೇಜ್ ಆಟೋಗಳು ನುಗ್ಗುತ್ತವೆ, ನಡೆಯೋಕೇ ಜಾಗ ಇರುವುದಿಲ್ಲ. ಬೆಳಗ್ಗೆ ಆರೂವರೆಗೆ ಕೆ.ಆರ್. ಮಾರ್ಕೆಟ್‌ನಲ್ಲಿರಿ. ಈ ಮಾರುಕಟ್ಟೆಯ ಜಾಗದಲ್ಲಿ ಮೊದಲು ಸಿದ್ಧಿಕಟ್ಟೆ ಅನ್ನೋ ಕೆರೆ ಇತ್ತು. ಹೂವಿನ ವ್ಯಾಪಾರ ಕತ್ತಲಿರುವಾಗಲೇ ಶುರುವಾಗಿರುತ್ತದೆ. ಕೆಳಗೆ ನಿಂತರೆ ಬರೀ ತಳ್ಳಾಟ. ಮೇಲಿನ ಮಹಡಿಗೆ ಹತ್ತಿ ಬಗ್ಗಿ ನೋಡಬೇಕು: ಚೆಂಡುಹೂವಿನ ಮೂಟೆ, ಸೇವಂತಿಗೆಯ ಗುಡ್ಡೆ, ಒದ್ದೆ ಗೋಣಿಯಲ್ಲಿ ಸುತ್ತಿಟ್ಟ ಕನಕಾಂಬರ, ಕೈಯಲ್ಲೇ ಮಾರು ಹಾಕಿ ಅಳೆಯುವ ಹೆಂಗಸರು. ತಲೆ ಮೇಲೆ ಮೂಟೆ ಹೊತ್ತವರು ‘ಸೈಡ್, ಸೈಡ್’ ಅಂತ ಕೂಗುತ್ತಾ ಬಂದರೆ ತಕ್ಷಣ ಗೋಡೆಗೆ ಅಂಟಿಕೊಳ್ಳಿ. ಅವರಿಗೆ ನಿಲ್ಲೋಕೆ ಆಗುವುದಿಲ್ಲ. ಫೋಟೋ ತೆಗೆಯುವವರು ದಾರಿ ಕಟ್ಟಿ ನಿಂತರೆ ಬೈಗುಳ ಬೀಳುತ್ತದೆ, ಅದು ನ್ಯಾಯವೇ.

ಅಲ್ಲಿಂದ ಅವೆನ್ಯೂ ರಸ್ತೆ. ಅಂಗಡಿ ಮುಚ್ಚಿರುವಾಗಲೇ ಆ ರಸ್ತೆ ನೋಡಬೇಕು, ಆಗ ಮಾತ್ರ ಕಟ್ಟಡ ಕಾಣುತ್ತದೆ. ಚಿಕ್ಕಪೇಟೆಗೆ ಬಂದು, ಬಳೆಪೇಟೆಯಲ್ಲಿ ತಿಂಡಿ. ಅಲ್ಲಿನ ಉಡುಪಿ ಶ್ರೀಕೃಷ್ಣ ಭವನದಲ್ಲಿ ಸಾಗು ಮಸಾಲೆ ದೋಸೆ ಹೆಸರುವಾಸಿ. ಅತ್ತೆಯವರಿಗೆ ದಾವಣಗೆರೆ ಬೆಣ್ಣೆದೋಸೆಯ ಅಭಿಮಾನ ಜಾಸ್ತಿ ಇದ್ದರೆ ಅಲ್ಲೊಂದು ವಾದ ಗ್ಯಾರಂಟಿ. ಇಷ್ಟು ಹೊತ್ತಿಗೆ ಕಾಲು ಸೋತಿರುತ್ತದೆ. ಚಿಕ್ಕಪೇಟೆಯಲ್ಲಿ ಮೆಟ್ರೋ ಹತ್ತಿದರೆ ಕೆ.ಆರ್. ಮಾರ್ಕೆಟ್ ಮುಂದಿನ ಸ್ಟೇಷನ್ನೇ. ಕೋಟೆ, ಟಿಪ್ಪು ಅರಮನೆ ಅಲ್ಲಿಂದ ಹತ್ತಿರ. ಅವುಗಳ ಬಾಗಿಲು ಹೂವಿನ ಮಾರ್ಕೆಟ್‌ನಷ್ಟು ಬೇಗ ತೆರೆಯುವುದಿಲ್ಲ, ಹಾಗಾಗಿ ಅವನ್ನು ಕೊನೆಗೆ ಇಟ್ಟುಕೊಳ್ಳುವುದೇ ವಾಸಿ.

ಕೋಟೆ ಅಂದಾಕ್ಷಣ ಮಕ್ಕಳು ಚಿತ್ರದುರ್ಗದ ಕೋಟೆ ನೆನೆಸಿಕೊಂಡರೆ ನಿರಾಸೆಯಾಗುತ್ತದೆ, ಮೊದಲೇ ಹೇಳಿಬಿಡಿ. ಹೈದರಾಲಿ ಕಾಲದಲ್ಲಿ ಕಲ್ಲಿನಲ್ಲಿ ಕಟ್ಟಿದ ದೊಡ್ಡ ಕೋಟೆಯಲ್ಲಿ ಈಗ ಉಳಿದಿರುವುದು ದೆಹಲಿ ಬಾಗಿಲು ಮತ್ತು ಸುತ್ತಲಿನ ಒಂದಿಷ್ಟು ಗೋಡೆ ಮಾತ್ರ. ಆದರೆ ಇಷ್ಟರಲ್ಲೇ ನೋಡೋಕೆ ಬೇಕಾದಷ್ಟಿದೆ. ಒಳಗೆ ಹೋಗುವ ದಾರಿ ನೇರ ಇಲ್ಲ, ತಿರುಗುತ್ತದೆ. ನುಗ್ಗಿ ಬರುವ ಶತ್ರುವಿನ ವೇಗ ಅಲ್ಲೇ ಮುರಿಯಲಿ ಅಂತ. 1791ರ ಮಾರ್ಚ್‌ನಲ್ಲಿ ಟಿಪ್ಪು ಮೇಲೆ ದಂಡೆತ್ತಿ ಬಂದ ಬ್ರಿಟಿಷ್ ಸೇನಾಪತಿ ಕಾರ್ನ್‌ವಾಲಿಸ್‌ನ ಸೈನ್ಯ ಮೊದಲು ಪೇಟೆ ಹಿಡಿಯಿತು. ಆಮೇಲೆ ಎರಡು ವಾರ ಕೋಟೆಗೆ ಮುತ್ತಿಗೆ ಹಾಕಿ, 21ರ ರಾತ್ರಿ ಗೋಡೆ ಒಡೆದು ಒಳಗೆ ನುಗ್ಗಿತು. ಗೋಡೆ ಒಡೆದದ್ದು ಇಲ್ಲೇ ಅಂತ ಒಂದು ಫಲಕವೂ ಇದೆ. ಬೆಳಗ್ಗೆ ನಡೆದ ಪೇಟೆ, ಈಗ ನಿಂತಿರುವ ಕೋಟೆ ಎರಡೂ ಬೇರೆ ಬೇರೆ, ಒಂದನ್ನು ಹಿಡಿದು ಇನ್ನೊಂದಕ್ಕೆ ಗುರಿ ಇಟ್ಟರು ಅನ್ನೋದು ಕಾಲಲ್ಲಿ ನಡೆದ ಮೇಲೆಯೇ ಚೆನ್ನಾಗಿ ಅರ್ಥವಾಗೋದು.

ಟಿಪ್ಪು ಅರಮನೆಯ ಕೆಲಸ ಹೈದರಾಲಿ ಶುರು ಮಾಡಿಸಿದ್ದು, ಮುಗಿದದ್ದು ಟಿಪ್ಪು ಕಾಲದಲ್ಲಿ, ಅದೇ 1791ರಲ್ಲಿ. ತೇಗದ ಕಂಬಗಳು, ಕಲ್ಲಿನ ಪೀಠ. ಅಠಾರ ಕಚೇರಿ (ಈಗಿನ ಹೈಕೋರ್ಟ್ ಕಟ್ಟಡ) ಆಗುವವರೆಗೆ, ಅಂದ್ರೆ 1868ರವರೆಗೆ, ಸರ್ಕಾರಿ ಕಚೇರಿಗಳು ನಡೆದದ್ದು ಈ ಮರದ ಕಟ್ಟಡದಲ್ಲೇ. ಪಕ್ಕದಲ್ಲೇ ಚಿಕ್ಕದೇವರಾಜ ಒಡೆಯರು ಕಟ್ಟಿಸಿದ ಕೋಟೆ ವೆಂಕಟರಮಣ ದೇವಸ್ಥಾನ. ಮಧ್ಯಾಹ್ನ ಗುಡಿ ಬಾಗಿಲು ಹಾಕುವ ಮುಂಚೆ ಹೋಗಿ.

ಇನ್ನು ಗೈಡ್ ಗೊತ್ತು ಮಾಡುವಾಗ ಏನು ಕೇಳಬೇಕು ಅಂತ. ಮೊದಲನೆಯದು ಭಾಷೆ. ಬೆಂಗಳೂರಲ್ಲಿ ಇಂಥ ನಡಿಗೆಗಳು ಜಾಸ್ತಿ ಇಂಗ್ಲಿಷಲ್ಲೇ ನಡೆಯುತ್ತವೆ. ‘ಕನ್ನಡದಲ್ಲಿ ಹೇಳ್ತೀರಾ?’ ಅಂತ ಫೋನಲ್ಲೇ ಕೇಳಿ, ಅವರ ಜೊತೆ ಎರಡು ನಿಮಿಷ ಕನ್ನಡದಲ್ಲೇ ಮಾತಾಡಿ. ಅಂಗಡಿಯವರ ಹತ್ತಿರ, ಗುಡಿಯ ಅರ್ಚಕರ ಹತ್ತಿರ ಸಲೀಸಾಗಿ ಮಾತಾಡದ ಗೈಡ್ ಪೇಟೆಯಲ್ಲಿ ಯಾವ ಬಾಗಿಲನ್ನೂ ತೆರೆಸಲಾರ.

ದುಡ್ಡು ತಲೆಗೆ ಇಷ್ಟು ಅಂತಲಾ, ಎಲ್ಲರಿಗೂ ಸೇರಿ ಇಷ್ಟು ಅಂತಲಾ ಕೇಳಿಕೊಳ್ಳಿ. ನಾಲ್ಕೈದು ಜನರಿದ್ದರೆ ಒಟ್ಟು ಮೊತ್ತವೇ ಸಾಮಾನ್ಯವಾಗಿ ಅಗ್ಗ ಬೀಳುತ್ತದೆ. ತಿಂಡಿ, ಟಿಪ್ಪು ಅರಮನೆಯ ಟಿಕೆಟ್ ಅದರಲ್ಲೇ ಸೇರಿದೆಯಾ, ಮಕ್ಕಳಿಗೆ ಪೂರ್ತಿ ದುಡ್ಡಾ, ಮಳೆ ಬಂದರೆ ದಿನ ಬದಲಾಯಿಸುತ್ತಾರಾ ಅನ್ನೋದನ್ನ ಮೆಸೇಜಲ್ಲಿ ಬರೆಸಿಕೊಳ್ಳಿ. ಪುರಾತತ್ವ ಇಲಾಖೆಯ ಸ್ಮಾರಕಗಳ ಒಳಗೂ ವಿವರಣೆ ಕೊಡುವುದಾದರೆ ಪ್ರವಾಸೋದ್ಯಮ ಇಲಾಖೆಯ ಗುರುತಿನ ಚೀಟಿ ಇದೆಯಾ ಅಂತಲೂ ಕೇಳಿ.

ಇನ್ನೊಂದು ಮಾತು, ಇದು ಪೇಟೆಗೇ ವಿಶೇಷ. ನಡಿಗೆಯ ನಡುವೆ ಒಂದು ಸೀರೆ ಅಂಗಡಿಗೋ ಅಗರಬತ್ತಿ ಅಂಗಡಿಗೋ ‘ಸುಮ್ನೆ ನೋಡಿ ಬರೋಣ’ ಅಂತ ಕರೆದುಕೊಂಡು ಹೋಗುವವರಿದ್ದಾರೆ. ಅಲ್ಲಿ ಅವರಿಗೆ ಕಮಿಷನ್. ‘ಅಂಗಡಿಗೆ ನಾವೇ ಆಮೇಲೆ ಹೋಗ್ತೀವಿ’ ಅಂತ ಮುಂಚೆಯೇ ಹೇಳಿಬಿಟ್ಟರೆ ಆಯಿತು.

ಗೈಡ್ ಒಳ್ಳೆಯವರಾ ಅಂತ ಹೇಗೆ ತಿಳಿಯೋದು? ನನ್ನ ಅಳತೆಗೋಲು ಒಂದೇ. ಕತೆಯನ್ನು ಕತೆ ಅಂತಲೇ ಹೇಳುತ್ತಾರಾ ನೋಡಿ. ನಾಲ್ಕು ಎತ್ತಿನ ಕತೆಗೆ ‘ಹೀಗಂತ ಹೇಳ್ತಾರೆ’ ಅಂತ ಸೇರಿಸಿದರೆ ಮುಂದಿನದನ್ನು ನಂಬಬಹುದು. ಇನ್ನೊಂದು, ಕರೆಂಟಿನ ಕತೆ. ಶಿವನಸಮುದ್ರದ ಕರೆಂಟು ಬೆಂಗಳೂರಿಗೆ ಬಂದು ಬೀದಿ ದೀಪ ಉರಿದದ್ದು 1905ರಲ್ಲಿ, ಅದು ದೊಡ್ಡ ಸಂಗತಿಯೇ. ಆದರೆ ‘ಇಡೀ ಏಷ್ಯಾದಲ್ಲೇ ಮೊದಲು ಕರೆಂಟ್ ಬಂದದ್ದು ಇಲ್ಲಿಗೆ’ ಅಂತ ಎದೆ ತಟ್ಟಿ ಹೇಳಿದರೆ ಸ್ವಲ್ಪ ಹುಷಾರು. ಕಲ್ಕತ್ತಾದಲ್ಲಿ 1899ರಲ್ಲೇ ವಿದ್ಯುತ್ ಕೇಂದ್ರ ಶುರುವಾಗಿತ್ತು.

ದಂಡು ಪ್ರದೇಶದ (ಕಂಟೋನ್ಮೆಂಟ್) ಬಗ್ಗೆ ನೀವು ಕೇಳಿಲ್ಲ, ಆದರೂ ಎರಡು ಮಾತು. ಬ್ರಿಟಿಷರು 1809ರಲ್ಲಿ ಹೂಡಿದ ದಂಡು ಬೇರೆಯೇ ಊರಿನ ಹಾಗೆ ಬೆಳೆಯಿತು. ನಗರ, ದಂಡು ಎರಡೂ ಒಂದೇ ಪಾಲಿಕೆಗೆ ಸೇರಿದ್ದು 1949ರಲ್ಲಿ. ಶಿವಾಜಿನಗರದ ರಸೆಲ್ ಮಾರ್ಕೆಟ್, ಸೇಂಟ್ ಮೇರಿ ಬೆಸಿಲಿಕಾ ಸುತ್ತ ಚೆಂದದ ನಡಿಗೆ ಆಗುತ್ತದೆ. ಆದರೆ ಪೇಟೆ ನೋಡಿದ ದಿನವೇ ಅದನ್ನೂ ತುರುಕಬೇಡಿ. ‘ಒಂದೇ ದಿನದಲ್ಲಿ ಪೇಟೆ, ಬಸವನಗುಡಿ, ದಂಡು’ ಅಂತ ಯಾರಾದರೂ ಹೇಳಿದರೆ ನೀವು ನೋಡೋದು ಟ್ರಾಫಿಕ್ಕೇ.

ದಿನ ಯಾವುದು? ಹಬ್ಬದ ಹಿಂದಿನ ದಿನ ಮಾರ್ಕೆಟ್ ಕಡೆ ತಲೆ ಹಾಕಬೇಡಿ. ಭಾನುವಾರ ಅಂಗಡಿಗಳು ಕಡಿಮೆ ತೆರೆದಿರುತ್ತವೆ, ನಡೆಯೋಕೆ ಸಲೀಸು. ಆದರೆ ಮೆಟ್ರೋ ತಡವಾಗಿ ಶುರುವಾಗುತ್ತದೆ, ಬೆಳಗಿನ ಮಾರ್ಕೆಟ್‌ಗೆ ಆಟೋನೇ ಗತಿ. ಕಸುಬು ನೋಡಬೇಕು ಅಂದ್ರೆ ವಾರದ ದಿನವೇ ಸರಿ. ಚೈತ್ರ ಹುಣ್ಣಿಮೆಯ ಕರಗದ ಹೊತ್ತಿಗೆ ಅವರು ಊರಲ್ಲಿದ್ದರೆ ಗೈಡ್ ಬಿಡಿ, ತಿಗಳರಪೇಟೆಯ ಧರ್ಮರಾಯನ ಗುಡಿ ಹತ್ತಿರ ಪರಿಚಯದ ಮನೆ ಹುಡುಕಿ. ಕರಗ ರಾತ್ರಿಯಿಡೀ ಪೇಟೆ ಸುತ್ತುತ್ತದೆ, ಕಾಟನ್‌ಪೇಟೆಯ ಮಸ್ತಾನ್ ಸಾಹೇಬರ ದರ್ಗಾಕ್ಕೂ ಹೋಗುತ್ತದೆ. ಅದನ್ನು ಜಗಲಿಯ ಮೇಲೆ ಕೂತು ನೋಡಬೇಕು.

ಮಾವನವರಿಗೆ ಮಂಡಿನೋವಿದ್ದರೆ ಅದನ್ನೂ ಗೈಡಿಗೆ ಮೊದಲೇ ಹೇಳಿ. ಇಡೀ ದಾರಿ ಮೂರು ಕಿಲೋಮೀಟರಿನ ಆಸುಪಾಸು, ಜಾಸ್ತಿ ಅಲ್ಲ. ಆದರೆ ಫುಟ್‌ಪಾತ್ ಎದ್ದುಬಿದ್ದಿದೆ, ಮಾರ್ಕೆಟ್ ನೆಲ ಸದಾ ಒದ್ದೆ. ಹಿಡಿತ ಇರುವ ಚಪ್ಪಲಿ ಹಾಕಿಕೊಳ್ಳಲಿ, ಗುಡಿ ಮುಂದೆ ಬಿಚ್ಚೋಕೂ ಸುಲಭ. ಟಾಯ್ಲೆಟ್ ಬೇಕಾದರೆ ಮೆಟ್ರೋ ಸ್ಟೇಷನ್ನು, ಇಲ್ಲ ತಿಂಡಿ ತಿನ್ನುವ ಹೋಟೆಲ್ಲು. ನಡುವೆ ಎಲ್ಲೂ ನಂಬಿಕೊಳ್ಳಬೇಡಿ.