ಬೆರಳಿಗೆ ತಾಗಿದ್ದು, ಬೆರಳು ಓದಿದ್ದು

ಪ್ರಶ್ನೆ: ಸಂವೇದನೆಗೂ ಪ್ರತ್ಯಕ್ಷಾನುಭವಕ್ಕೂ ಇರುವ ವ್ಯತ್ಯಾಸವನ್ನು ಸರಳವಾಗಿ ತಿಳಿಸಿ. ಕಣ್ಣು ಕಾಣದವರಿಗೆ ದೇವರು ಕಿವಿಯನ್ನು ಚುರುಕಾಗಿ ಕೊಟ್ಟಿರುತ್ತಾನೆ, ಅಂದರೆ ಅವರ ಸಂವೇದನೆಯ ಮಿತಿ ನಮಗಿಂತ ಕೆಳಗಿರುತ್ತದೆ ಎಂಬ ಉದಾಹರಣೆ ಬರೆದರೆ ಪೂರ್ಣ ಅಂಕ ಸಿಗುತ್ತದೆಯೇ?

ಉತ್ತರ: ಉತ್ತರ ಪತ್ರಿಕೆ ನನ್ನ ಕೈಗೆ ಬಂದರೆ ಸಿಗುವುದಿಲ್ಲ.

ಬಿ.ಎಡ್. ಪರೀಕ್ಷೆ ಹತ್ತಿರವಾದಾಗಲೆಲ್ಲ ಈ ಪ್ರಶ್ನೆ ಬರುತ್ತದೆ. ಇದರ ಮೊದಲರ್ಧಕ್ಕೆ ಎಷ್ಟು ಸಲ ಉತ್ತರ ಹೇಳಿದ್ದೇನೋ ಲೆಕ್ಕವಿಲ್ಲ. ಎರಡನೆಯ ಅರ್ಧ ಮಾತ್ರ ಪ್ರತಿ ವರ್ಷ ಹೊಸ ವೇಷ ಹಾಕಿಕೊಂಡು ಬರುತ್ತದೆ: ಒಮ್ಮೆ ದೇವರ ಹೆಸರಿನಲ್ಲಿ, ಒಮ್ಮೆ ಪ್ರಕೃತಿಯ ನ್ಯಾಯದ ಹೆಸರಿನಲ್ಲಿ, ಈಚೆಗೆ ‘ವಿಜ್ಞಾನವೇ ಸಾಬೀತು ಮಾಡಿದೆ’ ಎಂಬ ಹೆಸರಿನಲ್ಲಿ. ಹಾಗಾಗಿ ಮೊದಲರ್ಧವನ್ನು ಬೇಗ ಮುಗಿಸಿ ಎರಡನೆಯದಕ್ಕೆ ನಿಧಾನವಾಗಿ ಬರುತ್ತೇನೆ.

ಅನೇಕ ಲಿಫ್ಟುಗಳಲ್ಲಿ ಗುಂಡಿಯ ಪಕ್ಕ ಬ್ರೈಲ್ ಚುಕ್ಕೆಗಳಿರುತ್ತವೆ. ಮುಂದಿನ ಸಲ ಕಣ್ಣು ಮುಚ್ಚಿ ಅವುಗಳ ಮೇಲೆ ಬೆರಳಾಡಿಸಿ. ಏನೋ ಉಬ್ಬು ತಾಗುತ್ತದೆ. ಚರ್ಮದೊಳಗಿನ ನರತುದಿಗಳು ಒತ್ತಡವನ್ನು ಹಿಡಿದು ಮಿದುಳಿಗೆ ಸುದ್ದಿ ಕಳಿಸಿದವು. ಇದು ಸಂವೇದನೆ. ಅದು ಯಾವ ಅಂಕಿ ಎಂದು ಕೇಳಿದರೆ ನೀವು ಹೇಳಲಾರಿರಿ. ಬ್ರೈಲ್ ಬಲ್ಲವರು ಬೆರಳಿಟ್ಟ ಕ್ಷಣವೇ ‘ಎರಡನೇ ಮಹಡಿ’ ಎನ್ನುತ್ತಾರೆ. ಇದು ಪ್ರತ್ಯಕ್ಷಾನುಭವ. ಕೆಲವು ಪುಸ್ತಕಗಳು ಇದನ್ನೇ ಗ್ರಹಿಕೆ ಎನ್ನುತ್ತವೆ, ನನಗೆ ಆ ಪದವೇ ಇಷ್ಟ, ಬರೆಯಲು ಸಣ್ಣದು. ಚುಕ್ಕೆ ಇಬ್ಬರಿಗೂ ತಾಗಿತು, ಒಬ್ಬರು ಮಾತ್ರ ಓದಿದರು. ವ್ಯತ್ಯಾಸ ಇಷ್ಟೇ.

ಇನ್ನು ಮಿತಿ, ಅಂದರೆ ತಾಗಿದ್ದೋ ಕೇಳಿದ್ದೋ ನಮಗೆ ಗೊತ್ತಾಗಲು ಬೇಕಾದ ಕನಿಷ್ಠ ಪ್ರಮಾಣ. ಅದು ಕೆಳಗಿದ್ದಷ್ಟೂ ಇಂದ್ರಿಯ ಚುರುಕು. ಇಂಗ್ಲಿಷ್ ಪುಸ್ತಕಗಳಲ್ಲಿ ಈ ಮಿತಿಗೆ ಇರುವ ಹೆಸರಿಗೂ ಅದರ ಹಿಂದಿನ ಲ್ಯಾಟಿನ್ ಪದಕ್ಕೂ ಮನೆಯ ಹೊಸ್ತಿಲು ಎಂದೇ ಅರ್ಥ. ಜರ್ಮನಿಯ ಲೈಪ್‌ಜಿಗ್‌ನಲ್ಲಿದ್ದ ಅರ್ನ್ಸ್ಟ್ ಹೈನ್‌ರಿಕ್ ವೇಬರ್ 1834ರಲ್ಲಿ ಸ್ಪರ್ಶದ ಬಗ್ಗೆ ಬರೆದ ಪುಸ್ತಕದಲ್ಲಿ ಈ ಹೊಸ್ತಿಲನ್ನು ಕೈವಾರದಿಂದ ಅಳೆದು ತೋರಿಸಿದ. ಮಕ್ಕಳ ಜ್ಯಾಮಿತಿ ಪೆಟ್ಟಿಗೆಯಲ್ಲಿ ಎರಡೂ ಕಾಲಿಗೆ ಮೊನೆಯಿರುವ ಸಾಧನ ಇರುತ್ತದಲ್ಲ, ಅದನ್ನು ಬೆರಳ ತುದಿಗೆ ಮೆಲ್ಲಗೆ ಮುಟ್ಟಿಸಿ. ಮೊನೆಗಳ ನಡುವೆ ಎರಡು ಮೂರು ಮಿಲಿಮೀಟರ್ ಇದ್ದರೂ ಎರಡು ಎಂದು ತಿಳಿಯುತ್ತದೆ. ಬೆನ್ನಿಗೆ ಮುಟ್ಟಿಸಿದರೆ ಸುಮಾರು ನಾಲ್ಕು ಸೆಂಟಿಮೀಟರ್ ಅಗಲಿಸುವವರೆಗೂ ಒಂದೇ ಮೊನೆ ಎನ್ನಿಸುತ್ತದೆ. ಮನೆಯಲ್ಲಿ ಇನ್ನೊಬ್ಬರ ಬೆನ್ನಿನ ಮೇಲೆ ಮಾಡಿ ನೋಡಿ, ಜಗಳವಾದರೆ ನಾನು ಹೊಣೆಯಲ್ಲ. ವ್ಯತ್ಯಾಸದ ಹೊಸ್ತಿಲು ಎಂದು ಇನ್ನೊಂದಿದೆ: ಕೈಯಲ್ಲಿರುವ ಒಂದು ಕಿಲೋ ಚೀಲಕ್ಕೆ ಸುಮಾರು 20 ಗ್ರಾಂ ಸೇರಿದರೆ ಭಾರ ಹೆಚ್ಚಿದ್ದು ಗೊತ್ತಾಗುತ್ತದೆ, ಹತ್ತು ಕಿಲೋ ಚೀಲಕ್ಕೆ ಅದೇ 20 ಗ್ರಾಂ ಸೇರಿದರೆ ಗೊತ್ತಾಗುವುದಿಲ್ಲ, 200 ಬೇಕು. ಪರೀಕ್ಷೆಗೆ ಇಷ್ಟು ಸಾಕು.

ಒಂದು ಎಚ್ಚರಿಕೆ. ಹೊಸ್ತಿಲು ಎಂದರೆ ಗೋಡೆಯಲ್ಲ. ಶ್ರವಣ ಪರೀಕ್ಷೆ ಮಾಡಿಸಿಕೊಂಡವರಿಗೆ ಇದು ಚೆನ್ನಾಗಿ ಗೊತ್ತು. ಮೈಸೂರಿನ ವಾಕ್ ಶ್ರವಣ ಸಂಸ್ಥೆಯಲ್ಲೋ ಊರಿನ ಆಸ್ಪತ್ರೆಯಲ್ಲೋ ಹೆಡ್‌ಫೋನ್ ಹಾಕಿ ಕೂರಿಸುತ್ತಾರೆ, ಸದ್ದು ಕೇಳಿದರೆ ಗುಂಡಿ ಒತ್ತಬೇಕು. ಸದ್ದು ಸಣ್ಣದಾಗುತ್ತ ಹೋದಂತೆ ‘ಕೇಳಿಸಿತೋ, ಕೇಳಿಸಿದ ಹಾಗೆ ಅನ್ನಿಸಿತೋ’ ಎಂಬ ಗೊಂದಲ ಶುರುವಾಗುತ್ತದೆ. ಅದೇ ಸದ್ದಿಗೆ ಒಮ್ಮೆ ಒತ್ತುತ್ತೀರಿ, ಒಮ್ಮೆ ಒತ್ತುವುದಿಲ್ಲ. ಹತ್ತು ಸಲದಲ್ಲಿ ಐದು ಸಲ ಗೊತ್ತಾಗುವ ಮಟ್ಟವನ್ನು ಹೊಸ್ತಿಲು ಎಂದು ಒಪ್ಪಿಕೊಂಡಿದ್ದೇವೆ. ಆ ಯಂತ್ರದ ಸೊನ್ನೆ ಡೆಸಿಬೆಲ್ ಕೂಡ ನಿಶ್ಶಬ್ದವಲ್ಲ, ಚೆನ್ನಾಗಿ ಕಿವಿ ಕೇಳುವ ಯುವಜನರ ಸರಾಸರಿ ಹೊಸ್ತಿಲು.

ಈಗ ದೇವರ ವಿಷಯ.

ಕಣ್ಣು ಹೋದರೆ ಕಿವಿಯ ಹೊಸ್ತಿಲು ಇಳಿಯುತ್ತದೆ ಎಂಬುದು ನಿಜವಾಗಿದ್ದರೆ ಅದನ್ನು ಪತ್ತೆ ಹಚ್ಚುವುದು ಸುಲಭ. ಮೇಲೆ ಹೇಳಿದ ಹೆಡ್‌ಫೋನ್ ಇದೆ, ಗುಂಡಿ ಇದೆ. ಕಣ್ಣು ಕಾಣುವವರನ್ನೂ ಕಾಣದವರನ್ನೂ ಒಬ್ಬರಾದ ಮೇಲೊಬ್ಬರನ್ನು ಕೂರಿಸಿದರಾಯಿತು. ಕೂರಿಸಿಯೂ ಆಗಿದೆ. ಬರಿಯ ಸ್ವರವನ್ನು ಕೇಳಿಸಿ ಅಳೆದಾಗ ಎರಡು ಗುಂಪುಗಳ ಹೊಸ್ತಿಲೂ ಹೆಚ್ಚುಕಡಿಮೆ ಒಂದೇ. ಕಣ್ಣು ಕಾಣದವರಿಗೂ ವಯಸ್ಸಾದಂತೆ ಕಿವಿ ಮಂದವಾಗುತ್ತದೆ, ನೆಗಡಿಯಾದರೆ ಕಿವಿ ಕಟ್ಟುತ್ತದೆ. ದೇವರು ಅಲ್ಲಿ ಯಾವ ರಿಯಾಯಿತಿಯನ್ನೂ ಕೊಟ್ಟಿಲ್ಲ.

ಹಾಗಾದರೆ ಅವರು ಹೆಜ್ಜೆಯ ಸದ್ದಿನಿಂದಲೇ ಬಂದವರು ಯಾರೆಂದು ಹೇಳುತ್ತಾರಲ್ಲ ಎಂದು ಕೇಳುತ್ತೀರಿ. ಹೇಳುತ್ತಾರೆ. ಆ ಸದ್ದು ನಿಮ್ಮ ಕಿವಿಗೂ ಬಿದ್ದಿತ್ತು. ನೀವು ತಲೆಯೆತ್ತಿ ನೋಡಿದರೆ ಮುಗಿಯಿತು, ಸದ್ದನ್ನು ಗುರುತಿಟ್ಟುಕೊಳ್ಳುವ ದರ್ದು ನಿಮಗಿರಲಿಲ್ಲ. ಕೆನಡಾದ ಮಾಂಟ್ರಿಯಲ್‌ನ ಸಂಶೋಧಕರು 2004ರಲ್ಲಿ ಪ್ರಕಟಿಸಿದ ಪ್ರಯೋಗವೊಂದರಲ್ಲಿ ಎರಡು ಸ್ವರ ಕೇಳಿಸಿ, ಶ್ರುತಿ ಏರಿತೋ ಇಳಿಯಿತೋ ಎಂದು ಕೇಳಿದರು. ಎಳವೆಯಲ್ಲೇ ದೃಷ್ಟಿ ಕಳೆದುಕೊಂಡವರು ಉಳಿದವರಿಗಿಂತ ಮುಂದಿದ್ದರು, ದೊಡ್ಡವರಾದ ಮೇಲೆ ಕಳೆದುಕೊಂಡವರು ಕಣ್ಣು ಕಾಣುವವರಷ್ಟೇ ಇದ್ದರು. ಕಣ್ಣು ಹೋದದ್ದಕ್ಕೆ ಪರಿಹಾರವಾಗಿ ಕಿವಿ ಸಿಗುವುದಾದರೆ ತಡವಾಗಿ ಹೋದವರು ಮಾಡಿದ ತಪ್ಪೇನು?

ಎಲ್ಲದರಲ್ಲೂ ಅವರೇ ಮುಂದು ಎಂದೂ ಅಲ್ಲ. ಇಟಲಿಯ ಜಿನೋವಾದಲ್ಲಿ ಮಾಡಿ 2014ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ ಬೇರೆ ಬೇರೆ ಜಾಗದಿಂದ ಸಾಲಾಗಿ ಮೂರು ಸದ್ದು ಕೇಳಿಸಿ, ನಡುವಿನದು ಮೊದಲನೆಯದಕ್ಕೆ ಹತ್ತಿರವೋ ಕೊನೆಯದಕ್ಕೋ ಎಂದು ಕೇಳಿದರು. ಹುಟ್ಟಿನಿಂದ ಕಣ್ಣು ಕಾಣದವರು ಇದರಲ್ಲಿ ಬಹಳ ಹಿಂದೆ ಬಿದ್ದರು. ಜಾಗದ ಲೆಕ್ಕವನ್ನು ಕಿವಿಗೆ ಕಲಿಸಿಕೊಡುವುದರಲ್ಲಿ ಕಣ್ಣಿಗೂ ಪಾಲಿದೆ ಎಂದಾಯಿತು. ಈ ಪ್ರಯೋಗವನ್ನು ನನಗೆ ಯಾರೂ ವಾಟ್ಸ್‌ಆ್ಯಪ್‌ನಲ್ಲಿ ಕಳಿಸುವುದಿಲ್ಲ.

ನನಗೆ ಅಚ್ಚುಮೆಚ್ಚಿನ ಕಥೆ ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದ್ದು, 1944ರಲ್ಲಿ ಅಚ್ಚಾದದ್ದು. ಎದುರಿಗೆ ಗೋಡೆ ಬಂದರೆ ಮುಟ್ಟುವ ಮೊದಲೇ ತಿಳಿಯುತ್ತದೆ, ಮುಖದ ಚರ್ಮಕ್ಕೆ ಏನೋ ಒತ್ತಿದಂತಾಗುತ್ತದೆ ಎಂದು ಕಣ್ಣು ಕಾಣದ ಹಲವರು ಹೇಳುತ್ತಿದ್ದರು. ಇದಕ್ಕೆ ‘ಮುಖದೃಷ್ಟಿ’ ಎಂಬ ಅರ್ಥದ ಹೆಸರೂ ಬಿದ್ದಿತ್ತು. ಮೈಕೆಲ್ ಸೂಪಾ ಎಂಬ ವಿದ್ಯಾರ್ಥಿ ಸ್ವತಃ ಕಣ್ಣು ಕಾಣದವನು. ಅವನೂ ಅವನ ಸಂಗಡಿಗರೂ ಕೂಡಿ ಇದನ್ನು ಪರೀಕ್ಷೆಗೆ ಒಡ್ಡಿದರು. ಕಣ್ಣು ಕಾಣದ ಇಬ್ಬರು, ಕಣ್ಣಿಗೆ ಪಟ್ಟಿ ಕಟ್ಟಿಕೊಂಡ ಇಬ್ಬರು, ದಾರಿಗೆ ಅಡ್ಡಲಾಗಿ ಒಂದು ಹಲಗೆ. ಮುಖಕ್ಕೆ ದಪ್ಪ ಬಟ್ಟೆಯ ಮುಸುಕು ಹಾಕಿದರು: ಆದರೂ ಹಲಗೆಯ ಮುಂದೆ ನಿಂತರು. ಮುಖ ತೆರೆದಿಟ್ಟು ಕಿವಿ ಮುಚ್ಚಿದರು: ನೇರವಾಗಿ ಹೋಗಿ ಹಲಗೆಗೆ ಡಿಕ್ಕಿ ಹೊಡೆದರು. ಅಷ್ಟಕ್ಕೇ ಬಿಡದೆ, ನಡೆಯಬೇಕಾದವನನ್ನು ಬೇರೊಂದು ಕೋಣೆಯಲ್ಲಿ ಕೂರಿಸಿ, ಇನ್ನೊಬ್ಬ ಮೈಕ್ ಹಿಡಿದು ಹಲಗೆಯ ಕಡೆ ನಡೆಯುವ ಸದ್ದನ್ನು ಮಾತ್ರ ಹೆಡ್‌ಫೋನಿನಲ್ಲಿ ಕೇಳಿಸಿದರು. ಆಗಲೂ ಅಡ್ಡಿ ಎದುರಾದದ್ದು ಅವನಿಗೆ ತಿಳಿಯಿತು.

ಅಂದರೆ ಹೆಜ್ಜೆಯ ಸದ್ದು ಹಲಗೆಗೆ ಬಡಿದು ಹಿಂದಿರುಗಿ ಕಿವಿಗೆ ಬರುತ್ತಿತ್ತು, ಅನುಭವ ಮಾತ್ರ ಮುಖದ ಮೇಲೆ ಮೂಡುತ್ತಿತ್ತು. ಸಂವೇದನೆ ಒಂದು ಕಡೆ, ಗ್ರಹಿಕೆ ಇನ್ನೊಂದು ಕಡೆ! ಇವೆರಡೂ ಬೇರೆ ಎಂದು ತೋರಿಸಲು ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಇನ್ನೂ ಸಿಕ್ಕಿಲ್ಲ. ಪಟ್ಟಿ ಕಟ್ಟಿಕೊಂಡ ಇಬ್ಬರೂ ಅಭ್ಯಾಸ ಮಾಡುತ್ತ ಮಾಡುತ್ತ ಈ ವಿದ್ಯೆಯನ್ನು ಕಲಿತರು ಎಂಬುದನ್ನು ಕೆಂಪು ಶಾಯಿಯಲ್ಲಿ ಬರೆದುಕೊಳ್ಳಿ. ಕಣ್ಣು ಕಾಣದ ಆ ಇಬ್ಬರಷ್ಟು ಪಳಗಲಿಲ್ಲ, ಆದರೆ ಕಲಿತರು. ಅವರ ಕಣ್ಣು ಎಲ್ಲಿಗೂ ಹೋಗಿರಲಿಲ್ಲ.

ಈಗ ಒಂದು ಕಡೆ ನಾನು ಸ್ವಲ್ಪ ಸೋಲೊಪ್ಪಿಕೊಳ್ಳಬೇಕು. ಬೆರಳ ತುದಿಯ ಸೂಕ್ಷ್ಮತೆಯನ್ನು ಅಳೆದಾಗ ಕಣ್ಣು ಕಾಣದವರು ನಿಜಕ್ಕೂ ಮುಂದಿದ್ದಾರೆ, ಅಲ್ಲಿ ಹೊಸ್ತಿಲೇ ಇಳಿದಿರುತ್ತದೆ. ‘ನೋಡಿದಿರಾ’ ಎಂದು ಕುಣಿಯುವ ಮೊದಲು ಮುಂದಿನದನ್ನೂ ಓದಿ. ಕೆನಡಾದಲ್ಲೇ ನಡೆದು 2011ರಲ್ಲಿ ಪ್ರಕಟವಾದ ಅಧ್ಯಯನವೊಂದು ಬೆರಳಿನ ಜೊತೆಗೆ ತುಟಿಯನ್ನೂ ಅಳೆಯಿತು. ಬೆರಳಿನಲ್ಲಿ ಕಣ್ಣು ಕಾಣದವರು ಮುಂದು, ತುಟಿಯಲ್ಲಿ ಎಲ್ಲರೂ ಸಮ. ತುಟಿಯಿಂದ ಸಾಮಾನ್ಯವಾಗಿ ಯಾರೂ ಬ್ರೈಲ್ ಓದುವುದಿಲ್ಲವಲ್ಲ. ಕೊಡುವ ದೇವರು ಬೆರಳಿಗೆ ಕೊಟ್ಟು ತುಟಿಗೆ ಯಾಕೆ ಜಿಪುಣತನ ಮಾಡಿದ? ದುಡಿದ ಜಾಗ ಹರಿತವಾಗಿದೆ, ದುಡಿಯದ ಜಾಗ ಇದ್ದಂತೆಯೇ ಇದೆ. ಸೀರೆ ಅಂಗಡಿಯವರು ಸೆರಗನ್ನು ಎರಡು ಬೆರಳಿನಲ್ಲಿ ಹೊಸಕಿ ಅಸಲಿ ರೇಷ್ಮೆಯೋ ಬೆರಕೆಯೋ ಹೇಳುತ್ತಾರೆ. ಅವರ ಬೆರಳು ದೈವದತ್ತ ಎಂದು ಯಾರೂ ಹೇಳಿದ್ದನ್ನು ಕೇಳಿಲ್ಲ.

ಬ್ರೈಲ್‌ನ ಮಾತು ಬಂದಿದ್ದರಿಂದ ಇದನ್ನೂ ಹೇಳಿಬಿಡುತ್ತೇನೆ. ಶಾರ್ಲ್ ಬಾರ್ಬಿಯೇ ಎಂಬ ಫ್ರೆಂಚ್ ಸೈನಿಕನ ಹಳೆಯ ಉಬ್ಬುಲಿಪಿಯಲ್ಲಿ ಒಂದು ಮನೆಗೆ, ಅಂದರೆ ಒಂದು ಗುರುತಿನ ಜಾಗಕ್ಕೆ, ಹನ್ನೆರಡು ಚುಕ್ಕೆ. ಅದು ಒಂದು ಬೆರಳ ತುದಿಯಡಿ ಹಿಡಿಸುತ್ತಿರಲಿಲ್ಲ. ಲೂಯಿ ಬ್ರೈಲ್ ಅದನ್ನು ಆರಕ್ಕೆ ಇಳಿಸಿದ. ಇಂದಿನ ಬ್ರೈಲ್‌ನಲ್ಲಿ ಚುಕ್ಕೆಯಿಂದ ಚುಕ್ಕೆಗೆ ಸುಮಾರು ಎರಡೂವರೆ ಮಿಲಿಮೀಟರ್. ಮೇಲೆ ಹೇಳಿದ ಕೈವಾರದ ಲೆಕ್ಕವನ್ನು ನೆನಪಿಸಿಕೊಳ್ಳಿ: ಸರಿಯಾಗಿ ಬೆರಳಿನ ಹೊಸ್ತಿಲಿನ ಮೇಲೆಯೇ ಕೂತಿದೆ. ಬ್ರೈಲ್ ತನ್ನ ಲಿಪಿಯನ್ನು 1829ರಲ್ಲಿ ಪ್ರಕಟಿಸಿದಾಗ ವೇಬರ್‌ನ ಪುಸ್ತಕ ಬರಲು ಇನ್ನೂ ಐದು ವರ್ಷವಿತ್ತು. ಇಪ್ಪತ್ತು ವರ್ಷದ ಹುಡುಗನಿಗೆ ತನ್ನ ಬೆರಳೇ ಅಳತೆಗೋಲು. ಕನ್ನಡದ ‘ಕ’ ಬೇಕಿದ್ದರೆ ಎಡಸಾಲಿನ ಮೇಲಿನ ಚುಕ್ಕೆ ಮತ್ತು ಕೆಳಗಿನ ಚುಕ್ಕೆ, ಎರಡೇ ಎರಡು. ಈಗ ನಿಮಗೂ ಒಂದಕ್ಷರ ಬಂತು.

ಸ್ಪೇನಿನಲ್ಲಿ ಹುಟ್ಟಿನಿಂದ ಕಣ್ಣು ಕಾಣದ ಒಬ್ಬ ಮಹಿಳೆ ಬ್ರೈಲ್‌ನಲ್ಲಿ ಬಹಳ ನುರಿತವರಾಗಿದ್ದರು. ಪಾರ್ಶ್ವವಾಯುವಿನಿಂದ ಅವರ ಮಿದುಳಿನ ಹಿಂಭಾಗ, ಅಂದರೆ ನಮ್ಮಲ್ಲಿ ನೋಟಕ್ಕೆ ಮೀಸಲಾದ ಭಾಗ, ಎರಡೂ ಕಡೆ ಹಾನಿಗೊಂಡಿತು. ಬೆರಳಿನ ಸ್ಪರ್ಶ ಹೋಗಲಿಲ್ಲ, ವಸ್ತುಗಳನ್ನು ಮುಟ್ಟಿ ಗುರುತಿಸುತ್ತಿದ್ದರು. ಬ್ರೈಲ್ ಹಾಳೆಯ ಮೇಲೆ ಬೆರಳಿಟ್ಟರೆ ಚುಕ್ಕೆ ಇರುವುದು ತಿಳಿಯುತ್ತಿತ್ತು, ಓದಲು ಆಗುತ್ತಿರಲಿಲ್ಲ. ಲಿಫ್ಟಿನ ಮುಂದೆ ನಿಂತ ನಿಮ್ಮ ಸ್ಥಿತಿಗೆ ಅವರು ಬಂದಿದ್ದರು. ಕಣ್ಣಿನಿಂದ ಎಂದೂ ಸುದ್ದಿ ಬಾರದ ಆ ಭಾಗವನ್ನು ಮಿದುಳು ಬೆರಳಿನ ಓದಿಗೆ ಒದಗಿಸಿಕೊಂಡಿತ್ತು.

ಇಷ್ಟೆಲ್ಲ ಹೇಳಿದ ಮೇಲೂ ತರಗತಿಯಲ್ಲಿ ಯಾರಾದರೂ ಎದ್ದುನಿಂತು ‘ಹಾಗಾದರೆ ಗದುಗಿನ ಗವಾಯಿಗಳು?’ ಎಂದು ಕೇಳಿಯೇ ಕೇಳುತ್ತಾರೆ. ನನಗೆ ಸಿಟ್ಟು ಬರುವುದು ಅಲ್ಲಿಯೇ. ಪಂಚಾಕ್ಷರಿ ಗವಾಯಿಗಳೂ ಅವರ ಶಿಷ್ಯ ಪುಟ್ಟರಾಜ ಗವಾಯಿಗಳೂ ಕಣ್ಣು ಕಾಣದವರು, ನಿಜ. ಗುರುಗಳು ವೀರೇಶ್ವರ ಪುಣ್ಯಾಶ್ರಮವನ್ನು ಕಟ್ಟಿ ಅಂಧ ಮಕ್ಕಳನ್ನು ಸಾಕಿ ಸಂಗೀತ ಕಲಿಸಿದರು. ಶಿಷ್ಯರು ಹಿಂದೂಸ್ತಾನಿ, ಕರ್ನಾಟಕಿ ಎರಡನ್ನೂ ಕಲಿತು, ಹಾರ್ಮೋನಿಯಂ, ತಬಲ, ಪಿಟೀಲುಗಳನ್ನು ಪಳಗಿಸಿಕೊಂಡು, 2010ರಲ್ಲಿ ತೀರಿಕೊಳ್ಳುವವರೆಗೆ ಅದೇ ಕೆಲಸವನ್ನು ಮುಂದುವರಿಸಿದರು. ಕಣ್ಣು ಹೋದದ್ದರಿಂದ ಕಿವಿ ಬಂತು ಎಂದುಬಿಟ್ಟರೆ ಆ ಆಶ್ರಮದ ರಿಯಾಜು ಯಾವ ಲೆಕ್ಕಕ್ಕೆ ಹೋಗುತ್ತದೆ? ಬಂದ ವರವೇ ಎಲ್ಲವನ್ನೂ ಮಾಡಿತು ಎಂದಾದರೆ ಆಶ್ರಮವೂ ಬೇಕಿರಲಿಲ್ಲ, ಗುರುವೂ ಬೇಕಿರಲಿಲ್ಲ. ಇದನ್ನು ಹೊಗಳಿಕೆ ಎಂದುಕೊಂಡು ಹೇಳುತ್ತಾರೆ, ನನಗೆ ಮಾತ್ರ ಅವರ ದುಡಿಮೆಯನ್ನು ಕಸಿದುಕೊಂಡಂತೆ ಕೇಳುತ್ತದೆ. ಇರಲಿ.

ಯಾರೂ ಕೇಳದ ಒಂದು ಪ್ರಶ್ನೆ ಉಳಿದಿದೆ. ಇದನ್ನು ತಿರುಗಿಸಿ ನೋಡಿದರೆ ಏನಾಗುತ್ತದೆ? ಹುಟ್ಟಿನಿಂದ ಕಾಣದವರಿಗೆ ಕಣ್ಣು ಬಂದರೆ ತಕ್ಷಣ ಕಾಣುತ್ತದೆಯೇ? ಐರ್ಲೆಂಡಿನ ವಿಲಿಯಂ ಮೊಲಿನೊ 1688ರಲ್ಲಿ ತತ್ವಜ್ಞಾನಿ ಜಾನ್ ಲಾಕ್‌ಗೆ ಕಾಗದ ಬರೆದು ಇದನ್ನೇ ಕೇಳಿದ: ಗೋಲವನ್ನೂ ಘನವನ್ನೂ ಮುಟ್ಟಿ ತಿಳಿದಿರುವ ಕುರುಡನಿಗೆ ದೃಷ್ಟಿ ಬಂದರೆ, ಮುಟ್ಟದೆ ನೋಡಿಯೇ ಯಾವುದು ಯಾವುದೆಂದು ಹೇಳಬಲ್ಲನೇ? ಮೊಲಿನೊನ ಹೆಂಡತಿಗೂ ದೃಷ್ಟಿ ಹೋಗಿತ್ತು, ಆದ್ದರಿಂದ ಅವನಿಗೆ ಇದು ಬರಿಯ ತರ್ಕದ ಆಟವಾಗಿರಲಾರದು. ನಂಬಬಹುದಾದ ಉತ್ತರ ಸಿಕ್ಕಿದ್ದು ಮುನ್ನೂರು ವರ್ಷಗಳ ಮೇಲೆ, ನಮ್ಮ ದೆಹಲಿಯಲ್ಲಿ. ನರವಿಜ್ಞಾನಿ ಪವನ್ ಸಿನ್ಹಾ ಅವರ ‘ಪ್ರಾಜೆಕ್ಟ್ ಪ್ರಕಾಶ್’ ಹುಟ್ಟಿನಿಂದ ಕಣ್ಣು ಕಾಣದಿದ್ದ, ಶಸ್ತ್ರಚಿಕಿತ್ಸೆಯಿಂದ ಸರಿಹೋಗಬಲ್ಲ ಮಕ್ಕಳಿಗೆ ಚಿಕಿತ್ಸೆ ಕೊಡಿಸುತ್ತಿತ್ತು. 8ರಿಂದ 17 ವರ್ಷದ ಐವರನ್ನು ಪರೀಕ್ಷಿಸಿದ ಫಲಿತಾಂಶ 2011ರಲ್ಲಿ ಪ್ರಕಟವಾಯಿತು. ಮುಟ್ಟಿದ್ದನ್ನು ಮತ್ತೆ ಮುಟ್ಟಿ ಗುರುತಿಸಿದರು, ನೋಡಿದ್ದನ್ನು ಮತ್ತೆ ನೋಡಿ ಗುರುತಿಸಿದರು. ಮುಟ್ಟಿದ್ದನ್ನು ನೋಡಿ ಗುರುತಿಸಿ ಎಂದಾಗ ನಾಣ್ಯ ಚಿಮ್ಮಿ ಹೇಳಿದಷ್ಟೇ ಸರಿ. ಕೆಲವೇ ದಿನ ಕಳೆದ ಮೇಲೆ ಮತ್ತೆ ಕೇಳಿದರೆ, ಯಾರೂ ಪಾಠ ಹೇಳಿಕೊಡದೆಯೇ, ಬಹುಮಟ್ಟಿಗೆ ಸರಿಯಾಗಿ ಹೇಳಿದರು.

ಇಂಗ್ಲೆಂಡಿನ ಶಸ್ತ್ರವೈದ್ಯ ವಿಲಿಯಂ ಚೆಸೆಲ್ಡನ್ 1728ರಲ್ಲಿ ಬರೆದಿಟ್ಟ ಹದಿಮೂರು ವರ್ಷದ ಹುಡುಗನ ಸಂಗತಿ ಅಂಕಿ ಅಂಶವಿಲ್ಲದ್ದು, ಆದರೂ ನನಗೆ ಹೆಚ್ಚು ಪ್ರಿಯ. ಪೊರೆ ತೆಗೆದ ಮೇಲೆ ಅವನಿಗೆ ಮನೆಯ ಬೆಕ್ಕು ಯಾವುದು, ನಾಯಿ ಯಾವುದು ಎಂಬುದು ನೋಡಿದರೆ ಮರೆತುಹೋಗುತ್ತಿತ್ತು. ಮತ್ತೆ ಮತ್ತೆ ಕೇಳಲು ನಾಚಿಕೆ. ಒಂದು ದಿನ ಬೆಕ್ಕನ್ನು ಹಿಡಿದುಕೊಂಡ, ಮುಟ್ಟಿದರೆ ಅದು ಬೆಕ್ಕೆಂದು ಅವನಿಗೆ ಗೊತ್ತಲ್ಲ. ಹಿಡಿದವನು ಅದನ್ನೇ ಬಹಳ ಹೊತ್ತು ದಿಟ್ಟಿಸಿ ನೋಡಿ, ‘ಸರಿ, ಇನ್ನೊಮ್ಮೆ ಕಂಡಾಗ ನಿನ್ನ ಗುರುತು ಹಿಡಿಯುತ್ತೇನೆ’ ಎಂದು ಹೇಳಿ ಕೆಳಗೆ ಬಿಟ್ಟನಂತೆ.