69ಕ್ಕೆ ಮನೆಮಾತಾದ ತೀನಾ ಪೀಕಾ

ಕರಾಮೆಲ್ಲಾ ಎಂದರೆ ಇಟಾಲಿಯನ್ ಭಾಷೆಯಲ್ಲಿ ಮಿಠಾಯಿ. ಆದರೆ 1953ರ ‘ಪಾನೆ, ಅಮೋರೆ ಎ ಫಾಂತಾಸಿಯಾ’ ಚಿತ್ರದಲ್ಲಿ ಆ ಹೆಸರಿನ ಮನೆಗೆಲಸದಾಕೆಯ ಮುಖದಲ್ಲಿ ಸಿಹಿಯ ಸುಳಿವೂ ಇಲ್ಲ. ಗುಬ್ಬಚ್ಚಿಯಂಥ ಮೈ, ಕಪ್ಪು ಉಡುಪು, ಬಿಗಿದು ಕಟ್ಟಿದ ತುರುಬು. ಬಾಯಿ ತೆರೆದರೆ ಬಾವಿಯ ತಳದಿಂದ ಎದ್ದು ಬಂದಂಥ ದನಿ. ನಾಯಕ ವಿತ್ತೋರಿಯೋ ದೆ ಸೀಕಾ, ನಾಯಕಿ ಜೀನಾ ಲೊಲ್ಲೊಬ್ರಿಜಿದಾ. ಅವರ ಎದುರಿಗೇ ಈ ಮುದುಕಿ ಜನರ ಮನಸ್ಸಿನಲ್ಲಿ ಜಾಗ ಹಿಡಿದುಬಿಟ್ಟರು. ಆ ಪಾತ್ರ ಮಾಡಿದ ನಟಿ ತೀನಾ ಪೀಕಾ ಅವರಿಗೆ ಆಗ 69 ವರ್ಷ.

ಇದನ್ನು ಅದೃಷ್ಟ ಎನ್ನುವವರಿದ್ದಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. 1884ರಲ್ಲಿ ನೇಪಲ್ಸ್‌ನಲ್ಲಿ ಹುಟ್ಟಿದ ಪೀಕಾ ಅವರ ತಂದೆ ತಾಯಿ ಇಬ್ಬರೂ ರಂಗನಟರು. ಮಗು ನಡೆಯಲು ಕಲಿತದ್ದೇ ನಾಟಕ ಕಂಪನಿಯ ಬೆನ್ನ ಹಿಂದೆ. ಮುಂದೆ ನಾಟಕಕಾರ ಎದುವಾರ್ದೊ ದೆ ಫಿಲಿಪ್ಪೊ ಅವರ ತಂಡದಲ್ಲಿ ನೇಪಲ್ಸ್‌ನ ಆಡುಮಾತಿನ ನಾಟಕಗಳಿಗೆ ಬಣ್ಣ ಹಚ್ಚಿದರು. ‘ಫಿಲುಮೇನಾ ಮಾರ್ತುರಾನೊ’ದ ಮುದಿ ಸೇವಕಿ ರೊಸಾಲಿಯಾ ಆ ಕಾಲದ ಪಾತ್ರ. ಮಾತಿಗೂ ಮಾತಿಗೂ ನಡುವೆ ಎಷ್ಟು ತಡೆದರೆ ಪ್ರೇಕ್ಷಕರು ನಗುತ್ತಾರೆ ಎಂಬ ಲೆಕ್ಕವನ್ನು ಅವರು ಅಲ್ಲೇ ಪಳಗಿಸಿಕೊಂಡರು. 1930ರ ದಶಕದಿಂದಲೇ ಚಿತ್ರಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದರೂ ಅವರನ್ನು ಕಂಡವರು ಕಡಿಮೆ.

ಕಾಲವೂ ಬದಲಾಗಬೇಕಿತ್ತು. ಎರಡನೆಯ ಮಹಾಯುದ್ಧದ ನಂತರ ಇಟಲಿಯ ನಿರ್ದೇಶಕರು ಬಡತನವನ್ನು ಇದ್ದಂತೆ ತೋರಿಸಿದರು; ಅದೇ ನವವಾಸ್ತವವಾದ. ಸರ್ಕಾರಕ್ಕೆ ಅದು ಹಿಡಿಸಲಿಲ್ಲ. ಚಿತ್ರರಂಗಕ್ಕೆಂದು ತಂದ 1949ರ ಆಂದ್ರೆಯೊತ್ತಿ ಕಾನೂನು ಹಣದ ನೆರವಿನ ಜೊತೆಗೆ ಚಿತ್ರಕಥೆಗಳ ಮೇಲೆ ಅಧಿಕಾರಿಗಳ ಕಣ್ಣನ್ನೂ ತಂದಿತು. ಅದೇ ಹಳ್ಳಿ, ಅದೇ ಬಡತನ ಈಗ ನಗುವಿನ ಬೆಳಕಿನಲ್ಲಿ ಕಾಣಿಸತೊಡಗಿತು. ವಿಮರ್ಶಕರು ಇದನ್ನು ‘ಗುಲಾಬಿ ನವವಾಸ್ತವವಾದ’ ಎಂದರು. ಇಂಥ ಕಥೆಗೆ ನಿಜವಾದ ಊರಿನ ಮುಖಗಳು ಬೇಕು. ಅವು ಸಿಗುತ್ತಿದ್ದದ್ದು ಆಡುಮಾತಿನ ರಂಗಭೂಮಿಯಲ್ಲಿ. ಇನ್ನೊಂದು ಮಾತು: ಆಗ ಇಟಲಿಯ ಚಿತ್ರಗಳ ಸಂಭಾಷಣೆಯನ್ನು ಸಾಮಾನ್ಯವಾಗಿ ಚಿತ್ರೀಕರಣದ ನಂತರವೇ ಧ್ವನಿಮುದ್ರಿಸುತ್ತಿದ್ದರು, ಎಷ್ಟೋ ತಾರೆಯರಿಗೆ ಬೇರೆಯವರು ದನಿ ಕೊಡುತ್ತಿದ್ದರು. ಆದರೆ ಪೀಕಾ ಅವರ ಆಸ್ತಿಯೇ ಅವರ ದನಿ.

‘ಪಾನೆ, ಅಮೋರೆ’ ಮುಂದೆ ಸರಣಿಯಾಗಿ ಬೆಳೆಯಿತು. ಎರಡನೆಯ ಕಂತಿನ ಕರಾಮೆಲ್ಲಾ ಪಾತ್ರಕ್ಕೆ 1955ರಲ್ಲಿ ಅತ್ಯುತ್ತಮ ಪೋಷಕ ನಟಿ ಎಂದು ಇಟಲಿಯ ಚಲನಚಿತ್ರ ಪತ್ರಕರ್ತರು ಕೊಡುವ ‘ನಾಸ್ತ್ರೊ ದಾರ್ಜೆಂತೊ’ ಪ್ರಶಸ್ತಿ ಬಂತು. ಮೂರನೆಯ ಕಂತಿನಲ್ಲಿ ಲೊಲ್ಲೊಬ್ರಿಜಿದಾ ಇರಲಿಲ್ಲ, ಸೋಫಿಯಾ ಲೊರೆನ್ ಬಂದರು. ಕರಾಮೆಲ್ಲಾ ಮಾತ್ರ ಪೀಕಾ ಅವರೇ. 1957ರಲ್ಲಿ ನಿರ್ದೇಶಕ ದೀನೊ ರೀಸಿ ‘ಲಾ ನೊನ್ನಾ ಸಬೆಲ್ಲಾ’ದಲ್ಲಿ ಅಜ್ಜಿಯನ್ನೇ ಚಿತ್ರದ ಹೆಸರಾಗಿಸಿದರು. 1959ರ ಚಿತ್ರವೊಂದರ ಹೆಸರಿನಲ್ಲಿ ‘ಪೀಕಾ’ ಎಂಬ ಪದವೇ ಇದೆ. ಆ ವರ್ಷಗಳ ಕೆಲವು ಚಿತ್ರಗಳಲ್ಲಿ ಸತ್ವ ಕಡಿಮೆ. ಅವರ ಸಿಡುಕನ್ನು ಮಾತ್ರ ಮಾರಿದವು. ಅವರಿಗೆ ಅದಕ್ಕಿಂತ ಒಳ್ಳೆಯ ಬರವಣಿಗೆ ಸಲ್ಲಬೇಕಿತ್ತು.

1963ರಲ್ಲಿ ದೆ ಸೀಕಾ, ಈ ಸಲ ನಿರ್ದೇಶಕರಾಗಿ, ಅಂಥದ್ದನ್ನೇ ಕೊಟ್ಟರು. ‘ಯೇರಿ, ಒಜ್ಜಿ, ದೊಮಾನಿ’ಯಲ್ಲಿ ಸೋಫಿಯಾ ಲೊರೆನ್ ರೋಮ್‌ನ ವೇಶ್ಯೆ ಮಾರಾ; ಪಕ್ಕದ ತಾರಸಿಯ ಅಜ್ಜಿ ಪೀಕಾ. ಪಾದ್ರಿಯಾಗಲು ಓದುತ್ತಿರುವ ಮೊಮ್ಮಗ ಮಾರಾಳ ಮೇಲೆ ಕಣ್ಣಿಟ್ಟಿದ್ದಾನೆಂದು ಅಜ್ಜಿ ಅವಳ ಮೇಲೆ ಹರಿಹಾಯುತ್ತಾಳೆ. ಆಮೇಲೆ ಹುಡುಗ ಓದು ಬಿಡುತ್ತೇನೆಂದಾಗ ಅದೇ ಅಜ್ಜಿ ಅದೇ ಮಾರಾಳ ಮುಂದೆ ಬಂದು ಅಳುತ್ತಾಳೆ. ಬೈದ ದನಿಯೇ ಬೇಡುವ ದನಿಯಾಗುತ್ತದೆ. ಅದು ಅವರ ಕೊನೆಯ ಚಿತ್ರ. 1968ರ ಆಗಸ್ಟ್ 15ರಂದು, ಹುಟ್ಟಿದ ನೇಪಲ್ಸ್‌ನಲ್ಲೇ, ತೀನಾ ಪೀಕಾ ತೀರಿಕೊಂಡರು.