ನೆಲ ಮುಟ್ಟಿದ ಮೇಲೂ ಹಾರಾಟ ಮುಗಿದಿಲ್ಲ

ವಿಮಾನ ಹಾರಿಸಲು ಕಲಿಸುವವನಿಗೆ ವಿದ್ಯಾರ್ಥಿಯ ಹೆಗಲುಗಳೂ ಒಂದು ಮಾಪಕ. ಚಕ್ರ ನೆಲಕ್ಕೆ ತಾಗಿದ ಕೂಡಲೇ ಅವು ಸಡಿಲವಾದರೆ, ಪಕ್ಕದ ಸೀಟಿನಲ್ಲಿರುವ ನನ್ನ ಕಾಲುಗಳು ತಾವಾಗಿಯೇ ವಿಮಾನದ ದಿಕ್ಕು ಹಿಡಿಯುವ ರಡ್ಡರ್ ಪೆಡಲ್ ಮೇಲೆ ಬಿಗಿಯುತ್ತವೆ. ಇಳಿದಾಯಿತು, ಗೆದ್ದಾಯಿತು ಎಂದು ಅವನು ಅಂದುಕೊಂಡಿರುತ್ತಾನೆ. ಅಂಥವರಿಗೆ ನಾನು ಇಂಗ್ಲೆಂಡಿನ ರಗ್ಬಿ ಆಟಗಾರನೂ ಪೈಲಟ್ಟೂ ಆಗಿದ್ದ ಅಲೆಕ್ಸಾಂಡರ್ ಒಬೊಲೆನ್‌ಸ್ಕಿಯ ಕತೆ ಹೇಳುತ್ತೇನೆ.

ಅವನು ಹುಟ್ಟಿದ್ದು 1916ರಲ್ಲಿ, ರಷ್ಯಾದ ಪೆಟ್ರೊಗ್ರಾಡ್‌ನಲ್ಲಿ. ತಂದೆ ಝಾರ್ ದೊರೆಯ ಅಶ್ವದಳದ ಅಧಿಕಾರಿ. ಕ್ರಾಂತಿಯಾದಾಗ ಕುಟುಂಬ ದೇಶ ಬಿಟ್ಟು ಲಂಡನ್ ಸೇರಿತು. ರಾಜಕುಮಾರನೆಂಬ ಬಿರುದು ಜೊತೆಗೆ ಬಂತು, ಸಿರಿ ಬರಲಿಲ್ಲ. ಹುಡುಗ ಆಕ್ಸ್‌ಫರ್ಡ್‌ಗೆ ಹೋದ. ಓದಿಗಿಂತ ಓಟದಲ್ಲಿ ಹೆಸರು ಮಾಡಿದ.

1936ರ ಜನವರಿ 4ರಂದು, ಟ್ವಿಕೆನ್‌ಹ್ಯಾಮ್ ಮೈದಾನದಲ್ಲಿ ಇಂಗ್ಲೆಂಡ್ ಪರವಾಗಿ ಅವನ ಮೊದಲ ಪಂದ್ಯ. ಆಗ ವಯಸ್ಸು 19. ಎದುರಾಳಿ ನ್ಯೂಜಿಲೆಂಡ್‌ನ ಆಲ್ ಬ್ಲ್ಯಾಕ್ಸ್. ಅವರನ್ನು ಇಂಗ್ಲೆಂಡ್ ಅದುವರೆಗೆ ಒಮ್ಮೆಯೂ ಸೋಲಿಸಿರಲಿಲ್ಲ. ರಗ್ಬಿಯಲ್ಲಿ ಎದುರಾಳಿಯ ಗೆರೆ ದಾಟಿ ಚೆಂಡನ್ನು ನೆಲಕ್ಕೆ ಮುಟ್ಟಿಸಿದರೆ ಅದು ಟ್ರೈ. ಒಬೊಲೆನ್‌ಸ್ಕಿ ಅಂದು ಎರಡು ಟ್ರೈ ಗಳಿಸಿದ. ಮೊದಲನೆಯದು ಬಲ ಅಂಚಿನಲ್ಲಿ ಬರಿಯ ವೇಗದಿಂದ. ಎರಡನೆಯದರಲ್ಲಿ ಬಲಗಡೆ ದಾರಿ ಮುಚ್ಚಿತ್ತು. ಅವನು ತಟ್ಟನೆ ಎಡಕ್ಕೆ ತಿರುಗಿ, ಇಡೀ ಮೈದಾನವನ್ನು ಓರೆಯಾಗಿ ಸೀಳಿಕೊಂಡು ಎದುರು ಮೂಲೆಗೆ ಓಡಿದ. ಆ ಓಟದ ಸುದ್ದಿಚಿತ್ರ ಇಂದಿಗೂ ಉಳಿದಿದೆ. ಕಾಯುತ್ತಿದ್ದ ರಕ್ಷಕರು ತಪ್ಪು ಕಾಲಿನ ಮೇಲೆ ಭಾರ ಹಾಕಿ, ಅವನು ಹಾದುಹೋದ ಮೇಲೆ ತಿರುಗುತ್ತಾರೆ. ಇಂಗ್ಲೆಂಡ್ 13-0 ಅಂತರದಲ್ಲಿ ಗೆದ್ದಿತು.

ಮೈದಾನದ ಅಂಚಿನಲ್ಲಿ ಓಡುವ ವಿಂಗ್ ಆಟಗಾರನ ಬಲ ಇರುವುದೇ ಅಲ್ಲಿ: ವೇಗವನ್ನು ಕೊನೆಯವರೆಗೆ ಬಿಡಬಾರದು, ತೀರ್ಮಾನವನ್ನು ಕೊನೆಯ ಹೆಜ್ಜೆಯವರೆಗೆ ತಡೆದಿಡಬೇಕು. ವಿಮಾನ ಇಳಿಸುವ ವಿದ್ಯೆ ಇದಕ್ಕೆ ತದ್ವಿರುದ್ಧ.

ಒಬೊಲೆನ್‌ಸ್ಕಿ ಬ್ರಿಟನ್ನಿನ ವಾಯುಪಡೆಯ ಸಹಾಯಕ ದಳಕ್ಕೆ ಸೇರಿದ. ವಾರದ ದಿನಗಳಲ್ಲಿ ತಮ್ಮ ಉದ್ಯೋಗ ಮಾಡಿಕೊಂಡು ರಜೆಯಲ್ಲಿ ಹಾರಾಟ ಕಲಿಯುತ್ತಿದ್ದ ತರುಣರ ಪಡೆ ಅದು. ಎರಡನೆಯ ಮಹಾಯುದ್ಧ ಶುರುವಾದಾಗ 504ನೇ ಸ್ಕ್ವಾಡ್ರನ್‌ನಲ್ಲಿ ಅವನ ಕೈಗೆ ಬಂದದ್ದು ಹರಿಕೇನ್ ಯುದ್ಧವಿಮಾನ: ಮರ್ಲಿನ್ ಎಂಜಿನ್, ಎಂಟು ಮಷಿನ್‌ಗನ್, ಮೂರು ಟನ್ ಆಸುಪಾಸಿನ ತೂಕ.

ನಾನು ಕಲಿತದ್ದು ಪುಷ್ಪಕ್‌ನಲ್ಲಿ, ಬೆಂಗಳೂರಿನ ಎಚ್‌ಎಎಲ್ ಕಟ್ಟಿದ ಪುಟ್ಟ ಎರಡು ಸೀಟಿನ ವಿಮಾನದಲ್ಲಿ. ಹರಿಕೇನ್ ಎದುರು ಅದು ಗುಬ್ಬಚ್ಚಿ. ಆದರೂ ಒಂದು ಗುಣ ಎರಡಕ್ಕೂ ಸಮಾನ: ಮೂರನೆಯ ಚಕ್ರ ಬಾಲದಲ್ಲಿದೆ. ಭಾರಕೇಂದ್ರ ಮುಖ್ಯ ಚಕ್ರಗಳ ಹಿಂದಿರುವುದರಿಂದ ಬಾಲ ಸದಾ ಮುಂದಕ್ಕೆ ತಿರುಗಿ ಬರಲು ಹವಣಿಸುತ್ತದೆ. ಬ್ರೇಕ್ ಬಲವಾಗಿ ಒತ್ತಿದರೆ ಬಾಲ ಮೇಲೆದ್ದು ಮೂಗು ನೆಲಕ್ಕೆ ಕುಕ್ಕುತ್ತದೆ. ಹರಿಕೇನ್‌ನಲ್ಲಿ ಇನ್ನೊಂದು ಕಷ್ಟ: ಬಾಲ ಕೆಳಗಿಳಿದಾಗ ಉದ್ದನೆಯ ಮೂಗು ಮುಂದಿನ ನೆಲವನ್ನೇ ಮರೆಮಾಡುತ್ತದೆ. ಓಡುದಾರಿಯ ಕೊನೆ ಅತ್ಯಂತ ಬೇಕಾದ ಹೊತ್ತಿಗೇ ಕಾಣುವುದಿಲ್ಲ.

ಕಾರಿನ ಅನುಭವದಿಂದ ಇದನ್ನು ಅಳೆಯಬಾರದು. ಇಳಿಯುವ ವೇಗ ಶೇ 10ರಷ್ಟು ಹೆಚ್ಚಾದರೆ ವಿಮಾನ ಹೊತ್ತು ತರುವ ಚಲನಶಕ್ತಿ ಶೇ 21ರಷ್ಟು ಹೆಚ್ಚುತ್ತದೆ. ಅಷ್ಟನ್ನೂ ಮುಂದಿರುವ ನೆಲದ ಮೇಲೆಯೇ ಕರಗಿಸಬೇಕು. ನನ್ನ ಆರಂಭದ ದಿನಗಳಲ್ಲಿ ಒಮ್ಮೆ ಹೀಗೆಯೇ ವೇಗವಾಗಿ ಬಂದೆ. ಪುಷ್ಪಕ್ ಇಳಿಯಲೊಲ್ಲದೆ ಹುಲ್ಲಿನ ಮೇಲೆ ಮೊಳದೆತ್ತರದಲ್ಲಿ ತೇಲುತ್ತಲೇ ಹೋಯಿತು. ಓಡುದಾರಿ ನಮ್ಮ ಕೆಳಗೆ ಖರ್ಚಾಗುತ್ತಿತ್ತು. ನಾನು ಇನ್ನೇನು ತಾಗುತ್ತದೆ, ಇನ್ನೇನು ತಾಗುತ್ತದೆ ಎಂದು ಕಾಯುತ್ತಿದ್ದೆ. ಗುರುಗಳು ನನ್ನ ಕೈಯ ಮೇಲೆ ಕೈಯಿಟ್ಟು ಥ್ರಾಟಲ್ ಪೂರ್ತಿ ಮುಂದಕ್ಕೆ ತಳ್ಳಿದರು, ಮತ್ತೆ ಮೇಲೇರಿದೆವು. ಬೇಲಿ ಚಕ್ರಗಳ ಕೆಳಗೆ ಜಾರಿಹೋದದ್ದು ಕಣ್ಣಲ್ಲಿ ಹಾಗೆಯೇ ಇದೆ. ಇಳಿಯುವ ಯತ್ನ ಕೈಬಿಡುವುದು ಸೋಲಲ್ಲ ಎಂದು ಬಾಯಲ್ಲಿ ಹೇಳುವುದು ಸುಲಭ. ಗೆಲ್ಲುವುದಕ್ಕೆಂದೇ ಬೆಳೆದ ದೇಹ ಅದನ್ನು ಒಪ್ಪಲು ತಿಂಗಳುಗಳು ಬೇಕು. ಕ್ರೀಡಾಪಟುಗಳು ನನ್ನ ಬಳಿ ಕಲಿಯಲು ಬಂದಾಗ ನಾನು ಹೆಚ್ಚು ದಿನ ಕೆಲಸ ಮಾಡುವುದು ಇದರ ಮೇಲೆಯೇ.

1940ರ ಮಾರ್ಚ್ 29ರಂದು, ಇಂಗ್ಲೆಂಡಿನ ಸಫಕ್ ಪ್ರಾಂತದ ಮಾರ್ಟಲ್‌ಶಮ್ ಹೀತ್ ವಾಯುನೆಲೆಯಲ್ಲಿ ಒಬೊಲೆನ್‌ಸ್ಕಿ ತರಬೇತಿಯ ಹಾರಾಟ ಮುಗಿಸಿ ಇಳಿದ. ನೆಲ ಮುಟ್ಟಿದ ಹರಿಕೇನ್ ಓಡುದಾರಿಯ ಕೊನೆಯಲ್ಲಿದ್ದ ಹಳ್ಳಕ್ಕೆ ಬಿತ್ತು. ಅವನ ಕತ್ತು ಮುರಿಯಿತು. ವಯಸ್ಸು 24. ಬ್ರಿಟನ್ ಮೇಲಿನ ವಾಯುಸಮರ ಶುರುವಾಗಲು ಇನ್ನೂ ಮೂರು ತಿಂಗಳಿತ್ತು. ಆ ಮಹಾಯುದ್ಧದಲ್ಲಿ ಪ್ರಾಣ ಕಳೆದುಕೊಂಡ ಇಂಗ್ಲೆಂಡ್ ರಗ್ಬಿ ಆಟಗಾರರಲ್ಲಿ ಅವನೇ ಮೊದಲಿಗ.

ಆಟದ ಸ್ವಭಾವವೇ ಅವನನ್ನು ಕೊಂದಿತು ಎಂದು ನಾನು ಎಂದೂ ಹೇಳಿಕೊಡುವುದಿಲ್ಲ. ಸತ್ತ ಪೈಲಟ್‌ನ ಮೇಲೆ ಅಂಥ ತೀರ್ಪು ಹೊರಿಸುವುದು ಅನ್ಯಾಯ. ಕಾಣದ ಮುಂದಿನ ನೆಲ, ಬ್ರೇಕ್ ಬಲವಾಗಿ ಒತ್ತಲು ಬಿಡದ ಬಾಲಚಕ್ರದ ವಿಮಾನ, ಕೊನೆಯಲ್ಲೊಂದು ಹಳ್ಳ, ಇಷ್ಟಿದ್ದರೆ ಎಂಥ ನುರಿತವನಿಗೂ ಕಷ್ಟವೇ. ಆದರೆ ಅವನನ್ನು ಶತ್ರುವಿನ ಗುಂಡಿಗೆ ಬಲಿಯಾದ ವೀರನೆಂದು ಬರೆಯುವವರನ್ನು ಕಂಡಾಗ ಬೇಸರವಾಗುತ್ತದೆ. ಆ ಯುದ್ಧದಲ್ಲಿ ಬ್ರಿಟನ್ನಿನ ಬಾಂಬ್ ಹಾಕುವ ವಿಮಾನಗಳ ವಿಭಾಗವಾದ ಬಾಂಬರ್ ಕಮಾಂಡ್ ಒಂದರಲ್ಲೇ ತರಬೇತಿಯ ಹಂತದಲ್ಲಿ ಐದು ಸಾವಿರಕ್ಕೂ ಹೆಚ್ಚು ಜನ ಸತ್ತರು. ಕಲಿಯುತ್ತಾ ಸತ್ತವರ ಸಾವನ್ನು ಇದ್ದ ಹಾಗೆಯೇ ಹೇಳಬೇಕು. ಅದರಿಂದ ಅವರ ಗೌರವ ಕಡಿಮೆಯಾಗುವುದಿಲ್ಲ, ಕಲಿಯುವವರಿಗೆ ಉಪಯೋಗವೂ ಇದೆ.

ಅವನ ಸಮಾಧಿ ಇಪ್ಸ್‌ವಿಚ್ ಪಟ್ಟಣದಲ್ಲಿದೆ. 2009ರಲ್ಲಿ ಅಲ್ಲಿ ಪ್ರತಿಮೆಯೊಂದನ್ನೂ ನಿಲ್ಲಿಸಿದರು. ಈ ಕತೆ ಕೇಳಿದ ವಿದ್ಯಾರ್ಥಿಯೊಬ್ಬ ಮರುದಿನ ಇಳಿದಾಗ, ವಿಮಾನ ನಿಲುಗಡೆಗೆ ಬಂದು ಪ್ರೊಪೆಲರ್ ನಿಲ್ಲುವವರೆಗೂ ಹೆಗಲು ಸಡಿಲಿಸಲಿಲ್ಲ. ನಾನು ಪೆಡಲ್‌ನಿಂದ ಕಾಲು ತೆಗೆದೆ.